ಅಟ್ಟದ ಮೇಲಿನ ಟ್ರಂಕು, ಊರಿನ ದಾವೆ



ನಿಮ್ಮ ಮನೆಯ ಅಟ್ಟದ ಮೇಲೋ ಮಂಚದ ಕೆಳಗೋ ಒಂದು ತಗಡಿನ ಟ್ರಂಕು ಇರಬಹುದು. ಊರು ಬಿಟ್ಟು ಬರುವಾಗ ಅಜ್ಜನೋ ತಂದೆಯೋ ಹೊತ್ತು ತಂದದ್ದು. ಒಳಗೆ ಹಳದಿಗಟ್ಟಿದ ಕ್ರಯಪತ್ರ, ವಿಭಾಗ ಪತ್ರ, ಕಂದಾಯ ಕಟ್ಟಿದ ರಸೀದಿಗಳು. ದೀಪಾವಳಿಗೆ ಮನೆ ಶುಚಿ ಮಾಡುವಾಗ "ಈ ಹಳೇ ಕಸ ಯಾಕಪ್ಪಾ?" ಎಂದು ನೀವು ಕೇಳಿಯೂ ಇರಬಹುದು. ಆ ಕಸದ ಬೆಲೆ ತಿಳಿಯುವುದು ಊರಿನ ಕೋರ್ಟಿನಿಂದ ಸಮನ್ಸ್ ಬಂದ ದಿನ.

ಹೀಗೊಂದು ಸಂದರ್ಭ ಕಲ್ಪಿಸಿಕೊಳ್ಳಿ. ನಿಮ್ಮ ತಂದೆಗೂ ದೊಡ್ಡಪ್ಪನಿಗೂ ಹಿಂದೆಯೇ ಪಾಲಾಗಿ, ವಿಭಾಗ ಪತ್ರ ನೋಂದಣಿಯೂ ಆಗಿತ್ತು. ಈಗ ದೊಡ್ಡಪ್ಪನ ಮಗ, ಪಾಲೇ ಆಗಿಲ್ಲವೆಂದು ದಾವೆ ಹೂಡಿದ್ದಾನೆ. ತಂದೆಗೆ ವಯಸ್ಸಾಗಿದೆ. ಊರಿನ ವಕೀಲರಿಗೆ ಫೋನಿನಲ್ಲೇ ಸಂಗತಿ ತಿಳಿಸಿದರು, ಉತ್ತರ ಸಲ್ಲಿಕೆಯಾಯಿತು. ಸಾಕ್ಷಿಗಳ ವಿಚಾರಣೆ ಅರ್ಧಕ್ಕೆ ಬಂದಾಗ ಟ್ರಂಕಿನ ತಳದಲ್ಲಿ ಆ ಪತ್ರ ಸಿಕ್ಕಿತು. ಇನ್ನೇನು ಗೆದ್ದೆವು ಎಂದು ನೀವು ಹಿಗ್ಗುತ್ತೀರಿ. ವಕೀಲರು ಮಾತ್ರ "ಇಷ್ಟು ದಿನ ಇದು ಎಲ್ಲಿತ್ತು?" ಎಂದು ಕೇಳುತ್ತಾರೆ.

ಈ ಪ್ರಶ್ನೆಯ ಮೂಲ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿದೆ. ದಾವೆ ಹೂಡುವವನು ತಾನು ಆಧರಿಸುವ ದಾಖಲೆಗಳನ್ನು ವಾದಪತ್ರದೊಂದಿಗೇ ಪಟ್ಟಿ ಸಮೇತ ಹಾಜರುಪಡಿಸಬೇಕೆಂದು 7ನೇ ಆದೇಶದ 14ನೇ ನಿಯಮ ಹೇಳುತ್ತದೆ. ಪ್ರತಿವಾದಿಗೂ ಅದೇ ಕಟ್ಟಳೆ. ಅದು 8ನೇ ಆದೇಶದ 1ಎ ನಿಯಮ. ನಕಲು ಮಾತ್ರ ಕೊಟ್ಟಿದ್ದರೆ, ವಿವಾದಾಂಶಗಳನ್ನು ರೂಪಿಸುವ ಹೊತ್ತಿಗಾದರೂ ಮೂಲ ಪ್ರತಿಗಳು ಕೋರ್ಟಿಗೆ ಬರಬೇಕು. 2002ರ ಜುಲೈ 1ರಿಂದ ಜಾರಿಗೆ ಬಂದ ತಿದ್ದುಪಡಿಗಳು ಈ ಶಿಸ್ತನ್ನು ಬಿಗಿಗೊಳಿಸಿದವು. ಕಾರಣ ನ್ಯಾಯವಾದದ್ದೇ. ಎದುರಾಳಿಯ ಸಾಕ್ಷಿಗಳೆಲ್ಲ ಮಾತಾಡಿ ಮುಗಿಸಿದ ಮೇಲೆ ಕಾಗದ ಹೊರತೆಗೆದರೆ, ಅದನ್ನು ಪ್ರಶ್ನಿಸಲು ಅವರಿಗೆ ಅವಕಾಶವೆಲ್ಲಿ?

ಹಾಗಾದರೆ ಬಾಗಿಲು ಮುಚ್ಚಿತೇ? ಇಲ್ಲ. ಅವೇ ನಿಯಮಗಳಲ್ಲಿ "ನ್ಯಾಯಾಲಯದ ಅನುಮತಿ ಇಲ್ಲದೆ" ಎಂಬ ಮಾತಿದೆ. ಅನುಮತಿ ಕೇಳಬಹುದು ಎಂದೇ ಅದರ ಅರ್ಥ. 2020ರಲ್ಲಿ ಸುಗಂಧಿ ವಿರುದ್ಧ ಪಿ. ರಾಜ್‌ಕುಮಾರ್ ಮೊಕದ್ದಮೆಯಲ್ಲಿ ಪ್ರತಿವಾದಿಗಳು, ದಾಖಲೆಗಳು ಕಾಣೆಯಾಗಿದ್ದವು, ತಡವಾಗಿ ಸಿಕ್ಕವು ಎಂದು ಅರ್ಜಿ ಹಾಕಿದ್ದರು. ಕೆಳಗಿನ ನ್ಯಾಯಾಲಯಗಳು ಒಪ್ಪಲಿಲ್ಲ. ಸುಪ್ರೀಂ ಕೋರ್ಟು ಒಪ್ಪಿತು. ಎದುರಾಳಿಗೆ ಗಂಭೀರ ಹಾನಿಯಾಗದಿದ್ದರೆ ಕಾರ್ಯವಿಧಾನದ ಲೋಪಕ್ಕಿಂತ ನಿಜವಾದ ನ್ಯಾಯದ ಕಡೆಗೇ ನ್ಯಾಯಾಲಯ ವಾಲಬೇಕು ಎಂಬುದು ಆ ತೀರ್ಪಿನ ಸಾರ.

ಆದರೆ ಈ ಉದಾರತೆಯನ್ನು ಹಕ್ಕೆಂದು ಭಾವಿಸಬೇಡಿ. ಅರ್ಜಿಯ ಜೊತೆ ಪ್ರಮಾಣಪತ್ರ ಕೊಡಬೇಕು. ಕಾಗದ ಎಲ್ಲಿತ್ತು, ಯಾರಿಗೆ, ಯಾವಾಗ, ಹೇಗೆ ಸಿಕ್ಕಿತು ಎಂಬುದನ್ನು ಇದ್ದದ್ದು ಇದ್ದ ಹಾಗೆ ಬರೆಯಬೇಕು. ನಮ್ಮ ಉದಾಹರಣೆಯಲ್ಲೇ ಎದುರು ವಕೀಲರು ಸುಮ್ಮನಿರುತ್ತಾರೆಯೇ? "ಪತ್ರ ನೋಂದಣಿಯಾಗಿತ್ತಲ್ಲ, ಸಬ್ ರಿಜಿಸ್ಟ್ರಾರ್ ಕಚೇರಿಯಿಂದ ದೃಢೀಕೃತ ನಕಲು ಏಕೆ ತರಲಿಲ್ಲ?" ಎನ್ನುತ್ತಾರೆ. ಅದಕ್ಕೆ ಉತ್ತರ ಬೇಕು. ಅನುಮತಿ ಸಿಕ್ಕರೂ ಎದುರಾಳಿಗೆ ಖರ್ಚು ಕೊಡಿ ಎಂಬ ಷರತ್ತು ಬರಬಹುದು, ಪಾಟಿ ಸವಾಲು ಮತ್ತೆ ನಡೆಯಬಹುದು. ದಾಖಲೆಯನ್ನು ಸ್ವೀಕರಿಸಿದ ಮಾತ್ರಕ್ಕೆ ಅದು ರುಜುವಾತಾದಂತೆಯೂ ಅಲ್ಲ. ಒಂದು ಅನುಕೂಲವುಂಟು: ಮೂವತ್ತು ವರ್ಷ ಹಳೆಯ ಪತ್ರ ಸರಿಯಾದವರ ವಶದಿಂದ ಬಂದಿದ್ದರೆ, ಅದರ ಸಹಿ, ಬರಹ ಅಸಲಿ ಎಂದು ನ್ಯಾಯಾಲಯ ಭಾವಿಸಬಹುದು. ಟ್ರಂಕನ್ನು ಜೋಪಾನ ಮಾಡಿದ ಅಜ್ಜನಿಗೆ ಅಷ್ಟರಮಟ್ಟಿಗೆ ಕಾನೂನಿನ ಬೆಂಬಲವಿದೆ.

ತೀರ್ಪಾದ ಮೇಲೆ ಸಿಕ್ಕರೆ? ಮೇಲ್ಮನವಿಯಲ್ಲಿ 41ನೇ ಆದೇಶದ 27ನೇ ನಿಯಮವಿದೆ. ಆದರೆ ದಾರಿ ಬಹಳ ಇಕ್ಕಟ್ಟು. ತಕ್ಕ ಶ್ರದ್ಧೆಯಿಂದ ಹುಡುಕಿದರೂ ಮೊದಲೇ ತರಲಾಗಲಿಲ್ಲ ಎಂದು ತೋರಿಸಬೇಕು. "ಮರೆತಿದ್ದೆವು" ಎಂದರೆ ನಡೆಯದು.

ಹೋಟೆಲು, ಅಂಗಡಿ ನಡೆಸುವ ಮನೆಯ ಮಕ್ಕಳಿಗೆ ಇನ್ನೊಂದು ಮಾತು. ಮೂರು ಲಕ್ಷ ರೂಪಾಯಿ ಅಥವಾ ಅದಕ್ಕೂ ಹೆಚ್ಚಿನ ಪಾಲುದಾರಿಕೆ ವ್ಯಾಜ್ಯವು 2015ರ ವಾಣಿಜ್ಯ ನ್ಯಾಯಾಲಯಗಳ ಕಾಯಿದೆಯ ವ್ಯಾಪ್ತಿಗೆ ಬರಬಹುದು. ಅಲ್ಲಿ ತನ್ನ ಬಳಿ ಇರುವ ಸಂಬಂಧಪಟ್ಟ ದಾಖಲೆಗಳನ್ನೆಲ್ಲ ಕೊಟ್ಟಿದ್ದೇನೆಂದು ವಾದಿ ಪ್ರಮಾಣ ಮಾಡಿ ಹೇಳಬೇಕು. ಬಿಟ್ಟುಹೋದದ್ದನ್ನು ಆಮೇಲೆ ತರಬೇಕಾದರೆ ಸಮಂಜಸ ಕಾರಣ ತೋರಿಸದೆ ಗತ್ಯಂತರವಿಲ್ಲ. ವಾಟ್ಸಾಪ್ ಸಂದೇಶವನ್ನು ಮುದ್ರಿಸಿ ಸಾಕ್ಷ್ಯವಾಗಿ ಕೊಡುವುದಾದರೆ, 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರವೂ ಜೊತೆಗಿರಬೇಕು.

ಈಗ ನೀವು ಮಾಡಬೇಕಾದದ್ದೇನು? ಮುಂದಿನ ಭಾನುವಾರ ತಂದೆತಾಯಿಯರ ಜೊತೆ ಕುಳಿತು ಆ ಟ್ರಂಕು ತೆರೆಯಿರಿ. ಪ್ರತಿ ಕಾಗದಕ್ಕೂ ತಾರೀಖು, ಸರ್ವೆ ನಂಬರು, ಕಕ್ಷಿಗಳ ಹೆಸರು ಬರೆದು ಪಟ್ಟಿ ಮಾಡಿ. ಫೋಟೋ ತೆಗೆದಿಡಿ, ಮೂಲವನ್ನು ಭದ್ರವಾಗಿಡಿ. ಪಹಣಿ ಯಾರ ಹೆಸರಲ್ಲಿದೆ ನೋಡಿ. ಕಾಣೆಯಾದ ನೋಂದಾಯಿತ ಪತ್ರಕ್ಕೆ ದೃಢೀಕೃತ ನಕಲು ತರಿಸಿ. ದಾವೆ ಈಗಾಗಲೇ ನಡೆಯುತ್ತಿದ್ದರೆ, ಸಿಕ್ಕ ಕಾಗದವನ್ನು ಮುಂದಿನ ವಾಯಿದೆಯವರೆಗೆ ಇಟ್ಟುಕೊಳ್ಳದೆ ಅಂದೇ ವಕೀಲರಿಗೆ ತಿಳಿಸಿ.

ಕೊನೆಗೊಂದು ಮಾತು. ಆ ಕಾಗದಗಳು ಬಹುಮಟ್ಟಿಗೆ ಕನ್ನಡದಲ್ಲಿವೆ. ನಿಮ್ಮಲ್ಲಿ ಅನೇಕರು ಕನ್ನಡ ಮಾತಾಡುತ್ತೀರಿ, ಓದಲು ಮಾತ್ರ ತಡವರಿಸುತ್ತೀರಿ. "ಚಕ್ಕುಬಂದಿ" ಎಂದರೇನು, ಊರಿನ ಗದ್ದೆಗೆ ಯಾರು ಏನೆಂದು ಕರೆಯುತ್ತಿದ್ದರು, ಸಾಕ್ಷಿ ಹಾಕಿದವರು ಯಾರು ಎಂದು ಹೇಳಬಲ್ಲ ಹಿರಿಯರು ಇಂದು ನಿಮ್ಮೆದುರಿಗಿದ್ದಾರೆ. ತಡವಾದ ಕಾಗದಕ್ಕೆ ನ್ಯಾಯಾಧೀಶರು ಅನುಮತಿ ಕೊಟ್ಟಾರು. ತಡವಾಗಿ ಕೇಳಿದ ಪ್ರಶ್ನೆಗೆ ಉತ್ತರ ಹೇಳಲು ಅಜ್ಜ ಇರಲಾರರು. ಈ ಭಾನುವಾರವೇ ಕೇಳಿ.