ಅತ್ತೆ, ಅಕ್ಕ, ನೆರೆಮನೆಯಾಕೆ

ತಾಯಿಯ ಸ್ಥಿತಿ ಗಂಭೀರ ಎಂದು ಊರಿಂದ ತಂತಿ ಬಂದಿದೆ. ಟೋಕಿಯೊದಿಂದ ಹೊರಡುವ ಮುನ್ನ ಮಗಳು ಶಿಗೆ ಅಣ್ಣನನ್ನು ಕೇಳುತ್ತಾಳೆ: ಸೂತಕದ ಉಡುಪನ್ನೂ ಈಗಲೇ ಒಯ್ಯುವುದೋ ಹೇಗೆ? ಯಾಸುಜಿರೊ ಒಜು 1953ರಲ್ಲಿ ತೆಗೆದ 'ಟೋಕಿಯೊ ಸ್ಟೋರಿ'ಯಲ್ಲಿ ನೋಡುವವರಿಗೆ ಮೈ ಉರಿಸುವ ಪಾತ್ರವಿದು. ಗಂಡ ಅತ್ತೆ ಮಾವನಿಗೆಂದು ತಂದ ಕೇಕ್ ದುಬಾರಿಯಾಯಿತೆಂದು ಆಕ್ಷೇಪಿಸಿ ಅದನ್ನು ತಾನೇ ತಿನ್ನುವವಳು; ತನ್ನ ಬ್ಯೂಟಿ ಪಾರ್ಲರಿಗೆ ಬಂದ ಗಿರಾಕಿಯೆದುರು ಹೆತ್ತವರನ್ನೇ ಹಳ್ಳಿ ಕಡೆಯ ಪರಿಚಿತರೆಂದವಳು. ತಾಯಿಯ ಉತ್ತರಕ್ರಿಯೆ ಮುಗಿದು ಊಟಕ್ಕೆ ಕೂತಾಗ ನೆನಪಿಗೆಂದು ಅಮ್ಮನ ಸೊಂಟಪಟ್ಟಿ, ಬೇಸಿಗೆಯ ಕಿಮೊನೊ ಕೇಳಿಬಿಡುತ್ತಾಳೆ.

ಆದರೆ ತಾಯಿಯ ಹಾಸಿಗೆಯ ಪಕ್ಕ ಎಲ್ಲರಿಗಿಂತ ಜೋರಾಗಿ ಅತ್ತವಳೂ ಅವಳೇ. ಆ ಅಳು ನಾಟಕವಲ್ಲ. ಅತ್ತ ಕಣ್ಣು ಒರೆಸಿಕೊಂಡು ಮುಂದಿನ ಕೆಲಸಕ್ಕೆ ಎದ್ದವಳನ್ನು ಖಳನಾಯಕಿ ಎನ್ನಲು ನನಗೆ ಮನಸ್ಸು ಬರುವುದಿಲ್ಲ. ಅಂಥವರಿಲ್ಲದ ಮನೆ ಯಾವುದು?

ಶಿಗೆ ಆಗಿದ್ದವರು ಹಾರುಕೊ ಸುಗಿಮುರಾ. ಹಿರೋಷಿಮಾದಲ್ಲಿ ಹುಟ್ಟಿದ ಅವರು 1937ರಲ್ಲಿ ಆರಂಭವಾದ ಬುಂಗಾಕುಜಾ ನಾಟಕ ತಂಡದಲ್ಲಿ ಮೊದಲಿನಿಂದಲೂ ಇದ್ದವರು. 1945ರ ಏಪ್ರಿಲ್‌ನಲ್ಲಿ, ಟೋಕಿಯೊ ಮೇಲೆ ಬಾಂಬು ಬೀಳುತ್ತಿದ್ದ ದಿನಗಳಲ್ಲೇ, 'ಹೆಣ್ಣೊಬ್ಬಳ ಬದುಕು' ಎಂಬ ನಾಟಕದ ನಾಯಕಿಯಾಗಿ ರಂಗಕ್ಕೆ ಬಂದರು. ಮುಂದಿನ ದಶಕಗಳಲ್ಲಿ ಅದೇ ಪಾತ್ರವನ್ನು 900ಕ್ಕೂ ಹೆಚ್ಚು ಸಲ ಆಡಿದರು. 1963ರಲ್ಲಿ ತಂಡ ಒಡೆದು ಹಲವರು ಹೊರನಡೆದಾಗಲೂ ಅವರು ಅಲ್ಲಿಯೇ ಉಳಿದರು. ರಂಗದಲ್ಲಿ ನಡುಮಧ್ಯೆ ನಿಲ್ಲುತ್ತಿದ್ದವರು ಸಿನಿಮಾದಲ್ಲಿ ಬಹುಪಾಲು ಪಕ್ಕಕ್ಕೇ ನಿಂತರು. ಅದರಿಂದ ನಷ್ಟವಾದದ್ದು ಯಾರಿಗೂ ಇಲ್ಲ.

ಒಜು ಜೊತೆ ಅವರ ಮೊದಲ ಚಿತ್ರ 1949ರ 'ಲೇಟ್ ಸ್ಪ್ರಿಂಗ್'. ಅದರಲ್ಲಿ ಸೋದರ ಸೊಸೆಗೆ ಗಂಡು ಹುಡುಕುವ ಅತ್ತೆ. ಕಾಮಾಕುರಾದ ದೇಗುಲದ ಅಂಗಳದಲ್ಲಿ ಬಿದ್ದಿದ್ದ ಹಣದ ಚೀಲ ಸಿಕ್ಕಿದಾಗ ಶುಭಶಕುನವೆಂದು ಹಿಗ್ಗುತ್ತಾಳೆ. ಪೊಲೀಸ್ ಕಾಣಿಸಿದ್ದೇ ತಡ, ಮೆಟ್ಟಿಲು ಹತ್ತಿ ಸರಸರ ನಡೆದುಬಿಡುತ್ತಾಳೆ. ಒಜು ಕ್ಯಾಮೆರಾ ನೆಲದ ಹತ್ತಿರ ಕದಲದೆ ಕೂರುತ್ತದೆ. ಅದರ ಮುಂದೆ ಬಾಗಿ, ಎದ್ದು, ಬೀಸಣಿಗೆ ಆಡಿಸುತ್ತ ಮಾತಾಡುವ ಸುಗಿಮುರಾ ಇಲ್ಲದಿದ್ದರೆ ಆ ಸೊಸೆಯಾಗಿ ನಟಿಸಿದ ಸೆತ್ಸುಕೊ ಹಾರಾ ಅವರ ಮೌನಕ್ಕೂ ಅಷ್ಟು ತೂಕ ಬರುತ್ತಿರಲಿಲ್ಲ.

1951ರ 'ಅರ್ಲಿ ಸಮ್ಮರ್'ನಲ್ಲಿ ಇದೇ ನಟಿ ಬೇರೆಯೇ ಹೆಂಗಸು. ನೀನು ನಮ್ಮ ಸೊಸೆಯಾಗಿದ್ದರೆ ಎಷ್ಟು ಚೆನ್ನಾಗಿತ್ತು ಎಂದು ನೆರೆಮನೆಯ ಹುಡುಗಿಯೆದುರು ಅಳುಕುತ್ತಲೇ ಆಸೆ ತೋಡಿಕೊಳ್ಳುತ್ತಾಳೆ. ಹುಡುಗಿ ಥಟ್ಟನೆ ಒಪ್ಪುತ್ತಾಳೆ! ಆನಂದಬಾಷ್ಪದ ನಡುವೆ ಆಕೆಗೆ ತೋಚುವ ಮಾತು, ಹೂರಣ ತುಂಬಿದ ಬನ್ನು ತಿನ್ನುತ್ತೀಯಾ ಎಂಬುದು. ಜಪಾನೀ ಚಿತ್ರಗಳಲ್ಲಿ ನಾನು ಕಂಡ ಅತ್ಯಂತ ನಿಜವಾದ ಸಂತೋಷ ಅದು.

ಅಕಿರಾ ಕುರೊಸಾವಾ ಅವರ 'ರೆಡ್ ಬಿಯರ್ಡ್'ನಲ್ಲಿ (1965) ವೇಶ್ಯಾಗೃಹದ ಒಡತಿಯಾಗಿ ಬಂದು ಆಸ್ಪತ್ರೆಯ ಅಡುಗೆಯ ಹೆಂಗಸರಿಂದ ಮೂಲಂಗಿಯಲ್ಲಿ ಏಟು ತಿಂದದ್ದೂ ಇವರೇ. 1995ರಲ್ಲಿ ಸರ್ಕಾರದ ಅತ್ಯುನ್ನತ ಸಾಂಸ್ಕೃತಿಕ ಗೌರವ ಅರಸಿ ಬಂದಾಗ ಬೇಡವೆಂದರು. ಅದೇ ವರ್ಷ ಕನೆತೊ ಶಿಂದೊ ಚಿತ್ರದಲ್ಲಿ ವೃದ್ಧ ನಟಿಯಾಗಿ, ಈ ಸಲ ನಾಯಕಿಯಾಗಿಯೇ, ತೆರೆಗೆ ಬಂದರು. 1997ರಲ್ಲಿ ತೀರಿಕೊಂಡರು.

ಒಜು ಎಂದರೆ ನಿಧಾನ ಎಂದು ದೂರ ಉಳಿದವರು 1959ರ 'ಗುಡ್ ಮಾರ್ನಿಂಗ್'ನಿಂದ ಶುರುಮಾಡಬಹುದು. ಮಹಿಳಾ ಸಂಘದ ಚಂದಾ ಎಲ್ಲಿ ಹೋಯಿತು, ಅಧ್ಯಕ್ಷೆಯ ಮನೆಗೆ ಹೊಸ ವಾಷಿಂಗ್ ಮೆಷಿನ್ ಹೇಗೆ ಬಂತು ಎಂದು ಬೀದಿಯೆಲ್ಲ ಗುಸುಗುಸು. ಆ ಅಧ್ಯಕ್ಷೆ ಯಾರೆಂದು ಬೇರೆ ಹೇಳಬೇಕಿಲ್ಲ.