ನಾಲ್ಕು ಕಟಾವಿನಿಂದ ಒಂದು ಊರಿನ ಇಳುವರಿ: ಬೇಯ್ಸಿಯನ್ ಶ್ರೇಣೀಕೃತ ಮಾದರಿಯ ಸರಳ ಪರಿಚಯ

ಅನ್ನ ಬೆಂದಿದೆಯೇ ಎಂದು ತಿಳಿಯಲು ಒಂದಗುಳು ಹಿಸುಕಿ ನೋಡಿದರೆ ಸಾಕು ಎಂಬ ಮಾತು ಎಲ್ಲರಿಗೂ ತಿಳಿದದ್ದೇ. ಪಾತ್ರೆಯೊಳಗಿನ ಎಲ್ಲ ಅಗುಳಿಗೂ ನೀರು ಮತ್ತು ಬೆಂಕಿ ಸಮನಾಗಿ ದೊರೆಯುವುದರಿಂದ ಅಡುಗೆಮನೆಯಲ್ಲಿ ಆ ಮಾತು ನಿಜ. ಗದ್ದೆಯಲ್ಲಿ ಹಾಗಲ್ಲ. ಹೊಸಪೇಟೆಯ ಚಿತ್ತವಾಡ್ಗಿಯಿಂದ ಕಂಪ್ಲಿಯವರೆಗಿನ ನೀರಾವರಿ ಜಮೀನುಗಳಲ್ಲಿ ಒಂದೇ ತಳಿ, ಒಂದೇ ಗೊಬ್ಬರ ಬಳಸಿದರೂ ಬದುವಿನ ಈ ಬದಿಗೂ ಆ ಬದಿಗೂ ಇಳುವರಿ ಬೇರೆಯಾಗುವುದನ್ನು ರೈತರು ಪ್ರತಿ ಹಂಗಾಮಿನಲ್ಲಿಯೂ ಕಾಣುತ್ತಾರೆ. ಹೀಗಿರುವಾಗ ನಾಲ್ಕೇ ತಾಕುಗಳನ್ನು ಕೊಯ್ದು ಇಡೀ ಊರಿನ ಇಳುವರಿಯನ್ನು ಹೇಳುವುದು ಹೇಗೆ? ಹೇಳಿದ ಅಂಕಿಯನ್ನು ಎಷ್ಟರಮಟ್ಟಿಗೆ ನಂಬಬಹುದು? ಈ ಪ್ರಶ್ನೆಗೆ ಸಂಖ್ಯಾಶಾಸ್ತ್ರ ನೀಡುವ ಉತ್ತರಗಳಲ್ಲಿ ಒಂದಾದ ಬೇಯ್ಸಿಯನ್ ಶ್ರೇಣೀಕೃತ ಮಾದರಿಯನ್ನು ಈ ಲೇಖನದಲ್ಲಿ ವಿವರಿಸಲಾಗಿದೆ.

ಪ್ರಶ್ನೆಯ ಮಹತ್ವ

ಪ್ರಧಾನಮಂತ್ರಿ ಫಸಲ್ ಬಿಮಾ ಯೋಜನೆಯು 2016ರ ಮುಂಗಾರು ಹಂಗಾಮಿನಿಂದ ಜಾರಿಯಲ್ಲಿದೆ. ಇದರಲ್ಲಿ ಇಳುವರಿ ಆಧಾರಿತ ಪರಿಹಾರವನ್ನು ಒಬ್ಬೊಬ್ಬ ರೈತನ ಹೊಲಕ್ಕೆ ಪ್ರತ್ಯೇಕವಾಗಿ ಲೆಕ್ಕ ಹಾಕುವುದಿಲ್ಲ. ಇಡೀ ವಿಮಾ ಘಟಕಕ್ಕೆ ಒಂದೇ ಲೆಕ್ಕ. ಗ್ರಾಮ ಪಂಚಾಯಿತಿ ಘಟಕವಾಗಿರುವ ಪ್ರಮುಖ ಬೆಳೆಗಳಿಗೆ ಮಾರ್ಗಸೂಚಿಯ ಪ್ರಕಾರ ಕನಿಷ್ಠ 4 ಬೆಳೆ ಕಟಾವು ಪ್ರಯೋಗಗಳನ್ನು ನಡೆಸಬೇಕು. ಅವುಗಳ ಸರಾಸರಿಯು ನಿಗದಿಪಡಿಸಿದ ಪ್ರಾರಂಭಿಕ ಇಳುವರಿಗಿಂತ ಎಷ್ಟು ಕಡಿಮೆಯೋ ಆ ಪ್ರಮಾಣದಲ್ಲಿ ಪರಿಹಾರ ದೊರೆಯುತ್ತದೆ.

ಕಟಾವಿನ ತಾಕು 5×5 ಮೀಟರ್, ಅಂದರೆ 25 ಚದರ ಮೀಟರ್ ಎಂದುಕೊಳ್ಳೋಣ. ಒಂದು ಹೆಕ್ಟೇರಿನಲ್ಲಿ ಇಂತಹ 400 ತಾಕುಗಳಿರುತ್ತವೆ. ಆದ್ದರಿಂದ ತಾಕಿನ ತೂಕದಲ್ಲಿ 1 ಕಿ.ಗ್ರಾಂ. ವ್ಯತ್ಯಾಸವಾದರೆ ಹೆಕ್ಟೇರಿನ ಲೆಕ್ಕದಲ್ಲಿ 4 ಕ್ವಿಂಟಲ್ ವ್ಯತ್ಯಾಸವಾಗುತ್ತದೆ. ಊರಿನ ರೈತರೆಲ್ಲರ ಪರಿಹಾರವು ಈ ಕೆಲವೇ ಕಿಲೋಗಳ ಮೇಲೆ ನಿಂತಿರುತ್ತದೆ.

ಮಾದರಿಯ ಮೂಲ ತತ್ವ

ಹೊಸ ಊರಿಗೆ ಬಂದ ವಿಸ್ತರಣಾ ಕಾರ್ಯಕರ್ತರೊಬ್ಬರು ಒಂದೇ ಗದ್ದೆಯನ್ನು ನೋಡಿ ಊರಿನ ಬೆಳೆಯ ಬಗ್ಗೆ ತೀರ್ಮಾನಿಸುವುದಿಲ್ಲ. ಅದೇ ಕಾಲುವೆಯ ಅಕ್ಕಪಕ್ಕದ ಊರುಗಳಲ್ಲಿ ಬೆಳೆ ಹೇಗಿದೆ ಎಂಬುದನ್ನೂ ಮನಸ್ಸಿನಲ್ಲಿಟ್ಟುಕೊಂಡಿರುತ್ತಾರೆ. ಹತ್ತಾರು ಗದ್ದೆಗಳನ್ನು ನೋಡಿದ ಮೇಲೆ ಮಾತ್ರ ಊರಿನ ಸ್ವಂತ ಸಾಕ್ಷ್ಯಕ್ಕೆ ಹೆಚ್ಚು ಬೆಲೆ ಕೊಡುತ್ತಾರೆ. ಶ್ರೇಣೀಕೃತ ಮಾದರಿಯು ಈ ವಿವೇಕವನ್ನೇ ಲೆಕ್ಕದ ರೂಪಕ್ಕೆ ತರುತ್ತದೆ.

ಇಲ್ಲಿ ‘ಶ್ರೇಣಿ’ ಎಂದರೆ ಹಂತಗಳು. ತಾಕುಗಳು ಊರಿನೊಳಗೆ, ಊರುಗಳು ಕಾಲುವೆಯ ಒಂದು ಭಾಗದೊಳಗೆ, ಆ ಭಾಗಗಳು ಇಡೀ ಅಚ್ಚುಕಟ್ಟಿನೊಳಗೆ ಇರುತ್ತವೆ. ಪ್ರತಿ ಹಂತದಲ್ಲಿಯೂ ಏರುಪೇರು ಎಷ್ಟಿದೆ ಎಂಬುದನ್ನು ಮಾದರಿಯು ಅಳೆಯುತ್ತದೆ. ‘ಬೇಯ್ಸಿಯನ್’ ಎಂಬ ಹೆಸರು ಇಂಗ್ಲೆಂಡಿನ ಥಾಮಸ್ ಬೇಯ್ಸ್ ಅವರಿಂದ ಬಂದಿದೆ. ಅವರ ಮರಣಾನಂತರ 1763ರಲ್ಲಿ ಪ್ರಕಟವಾದ ಪ್ರಬಂಧವು, ಮೊದಲೇ ಇರುವ ತಿಳಿವಳಿಕೆಯನ್ನು ಹೊಸ ಸಾಕ್ಷ್ಯದಿಂದ ತಿದ್ದಿಕೊಳ್ಳುವ ಕ್ರಮಕ್ಕೆ ಗಣಿತದ ನೆಲೆ ಒದಗಿಸಿತು. ನಮ್ಮ ಉದಾಹರಣೆಯಲ್ಲಿ ನೆರೆಯೂರುಗಳ ಇಳುವರಿಯು ಮೊದಲಿನ ತಿಳಿವಳಿಕೆ. ಊರಿನ ನಾಲ್ಕು ಕಟಾವುಗಳು ಹೊಸ ಸಾಕ್ಷ್ಯ.

ಒಂದು ಲೆಕ್ಕ

ಕೆಳಗಿನ ಅಂಕಿಗಳು ವಿವರಣೆಗಾಗಿ ಮಾತ್ರ. ಯಾವುದೇ ಊರಿನ ದಾಖಲೆಯಲ್ಲ.

ಒಂದು ಊರಿನಲ್ಲಿ ನಾಲ್ಕು ಭತ್ತದ ತಾಕುಗಳ ತೂಕ 16, 9, 13 ಮತ್ತು 10 ಕಿ.ಗ್ರಾಂ. ಸರಾಸರಿ 12 ಕಿ.ಗ್ರಾಂ., ಅಂದರೆ ಹೆಕ್ಟೇರಿಗೆ 48 ಕ್ವಿಂಟಲ್. ಅದೇ ಕಾಲುವೆಯ ಅದೇ ಭಾಗದ ಊರುಗಳ ಒಟ್ಟು ಸರಾಸರಿ 14 ಕಿ.ಗ್ರಾಂ., ಅಂದರೆ 56 ಕ್ವಿಂಟಲ್. ಊರೊಳಗೆ ತಾಕಿನಿಂದ ತಾಕಿಗೆ ಇರುವ ಮಾನಕ ವಿಚಲನೆ 3 ಕಿ.ಗ್ರಾಂ.; ಊರಿನಿಂದ ಊರಿಗೆ ಇರುವುದು 1.5 ಕಿ.ಗ್ರಾಂ.

ಹಂತ 1: ತಾಕುಗಳ ವಿಚಲನೆಯ ವರ್ಗ 9. ಅದನ್ನು ಕಟಾವುಗಳ ಸಂಖ್ಯೆ 4ರಿಂದ ಭಾಗಿಸಿದರೆ 2.25. ಇದು ಊರಿನ ಸರಾಸರಿಯಲ್ಲಿರುವ ಅನಿಶ್ಚಿತತೆ.

ಹಂತ 2: ಊರುಗಳ ನಡುವಿನ ವಿಚಲನೆಯ ವರ್ಗವೂ 2.25. ಊರಿನ ಸ್ವಂತ ಸರಾಸರಿಗೆ ದೊರೆಯುವ ತೂಕಾಂಶವು 2.25 ÷ (2.25 + 2.25) = 0.5.

ಹಂತ 3: ಅಂದಾಜು = 0.5 × 12 + 0.5 × 14 = 13 ಕಿ.ಗ್ರಾಂ., ಅಂದರೆ ಹೆಕ್ಟೇರಿಗೆ 52 ಕ್ವಿಂಟಲ್.

ಇದೇ ಊರಿನಲ್ಲಿ ಒಂದೇ ಕಟಾವು ನಡೆದಿದ್ದರೆ ಸ್ವಂತ ಸಾಕ್ಷ್ಯದ ತೂಕಾಂಶ 0.2ಕ್ಕೆ ಇಳಿಯುತ್ತಿತ್ತು, 16 ಕಟಾವುಗಳು ನಡೆದಿದ್ದರೆ 0.8ಕ್ಕೆ ಏರುತ್ತಿತ್ತು. ಸ್ವಂತ ಮಾಹಿತಿ ಹೆಚ್ಚಿದಷ್ಟೂ ಊರು ತನ್ನ ಮಾತನ್ನು ತಾನೇ ಹೇಳುತ್ತದೆ. ಕಡಿಮೆಯಾದಷ್ಟೂ ನೆರೆಯೂರುಗಳಿಂದ ಕಡ ಪಡೆಯುತ್ತದೆ.

ಊರುಗಳ ನಡುವಿನ ವ್ಯತ್ಯಾಸವೇ ದೊಡ್ಡದಾಗಿದ್ದರೆ ಕಡವೂ ತಾನಾಗಿ ಕಡಿಮೆಯಾಗುತ್ತದೆ. ಆ ವಿಚಲನೆ 1.5ರ ಬದಲು 3 ಕಿ.ಗ್ರಾಂ. ಎಂದಾದರೆ, ನಾಲ್ಕೇ ಕಟಾವುಗಳಿದ್ದರೂ ತೂಕಾಂಶ 0.8 ಆಗಿ ಅಂದಾಜು 12.4 ಕಿ.ಗ್ರಾಂ.ಗೆ ನಿಲ್ಲುತ್ತದೆ.

ಎಚ್ಚರಿಕೆಯ ಮಾತು

ಪ್ರಾರಂಭಿಕ ಇಳುವರಿ ಹೆಕ್ಟೇರಿಗೆ 50 ಕ್ವಿಂಟಲ್ ಎಂದುಕೊಳ್ಳೋಣ. ನೇರ ಸರಾಸರಿಯ ಪ್ರಕಾರ ಕೊರತೆ 2 ಕ್ವಿಂಟಲ್, ಅಂದರೆ ಶೇ. 4. ವಿಮಾ ಮೊತ್ತ 80,000 ರೂ. ಇದ್ದರೆ ಪರಿಹಾರ 3,200 ರೂ. ಮಾದರಿಯ ಅಂದಾಜಾದ 52 ಕ್ವಿಂಟಲ್ ಪ್ರಕಾರ ಪರಿಹಾರವೇ ಇಲ್ಲ. ಹಾಗಾದರೆ ಈ ವಿಧಾನ ರೈತನಿಗೆ ವಿರುದ್ಧವೇ?

ಹಾಗೆ ಹೇಳಲಾಗದು. ಅದೃಷ್ಟವಶಾತ್ ಉತ್ತಮ ಗದ್ದೆಗಳೇ ಕಟಾವಿಗೆ ಸಿಕ್ಕಿ ಸರಾಸರಿ 15 ಕಿ.ಗ್ರಾಂ. ಬಂದ ಊರಿನ ಅಂದಾಜನ್ನು ಇದೇ ಲೆಕ್ಕವು 14.5ಕ್ಕೆ ಇಳಿಸುತ್ತದೆ. ಅತಿ ಹೆಚ್ಚು ಮತ್ತು ಅತಿ ಕಡಿಮೆ ಎರಡನ್ನೂ ಅದು ನಡುವಿಗೆ ಎಳೆಯುತ್ತದೆ. ಎಲ್ಲ ಊರುಗಳನ್ನು ಒಟ್ಟಾಗಿ ನೋಡಿದರೆ ತಪ್ಪು ಕಡಿಮೆಯಾಗುತ್ತದೆ. ಆದರೆ ಪ್ರತಿಯೊಂದು ಊರಿನಲ್ಲಿಯೂ ತಪ್ಪು ಕಡಿಮೆಯಾಗುತ್ತದೆ ಎಂಬ ಭರವಸೆ ಇಲ್ಲ.

ಆದ್ದರಿಂದ ಮಾದರಿಯ ಉತ್ತರವನ್ನು 52 ಎಂಬ ಒಂದೇ ಅಂಕಿಯಾಗಿ ಓದಬಾರದು. ಅದರ ಪೂರ್ಣ ಉತ್ತರ ಹೀಗಿದೆ: ಈ ಊರಿನ ನಿಜವಾದ ಇಳುವರಿ ಸುಮಾರು 44ರಿಂದ 60 ಕ್ವಿಂಟಲ್‌ಗಳ ನಡುವೆ ಇರುವ ಸಂಭವ ಶೇ. 95, ಅದು 50ಕ್ಕಿಂತ ಕಡಿಮೆ ಇರುವ ಸಂಭವ ಸುಮಾರು ಶೇ. 32. ಹತ್ತರಲ್ಲಿ ಮೂರು ಪಾಲು ನಷ್ಟದ ಸಂಭವವಿರುವ ಊರಿಗೆ ‘ನಷ್ಟವಿಲ್ಲ’ ಎಂದು ಬರೆದು ಕಡತ ಮುಚ್ಚುವುದು ಸರಿಯಲ್ಲ. ಅಂತಹ ಕಡೆ ಇನ್ನಷ್ಟು ಕಟಾವು ಬೇಕು ಎಂಬುದೇ ಮಾದರಿಯು ಹೇಳುವ ಮುಖ್ಯ ಮಾತು.

ಯಾರಿಂದ ಕಡ ಪಡೆಯಬೇಕು?

ಈ ವಿಧಾನದ ಯಶಸ್ಸು ಗುಂಪನ್ನು ಸರಿಯಾಗಿ ಆರಿಸುವುದರಲ್ಲಿದೆ. ವಿಜಯನಗರ ಕಾಲದ ರಾಯ ಮತ್ತು ಬಸವಣ್ಣ ಕಾಲುವೆಗಳ ನೀರು ಕಾಣುವ ಹೊಸಪೇಟೆ ಭಾಗದ ಜಮೀನನ್ನು ಸಂಡೂರು ಗುಡ್ಡಗಳ ನಡುವಿನ ಮಳೆಯಾಶ್ರಿತ ಕೆಂಪು ಮಣ್ಣಿನ ಹೊಲದೊಂದಿಗೆ ಒಂದೇ ಗುಂಪಿಗೆ ಸೇರಿಸಿದರೆ ಎರಡಕ್ಕೂ ಅನ್ಯಾಯ. ಊರುಗಳು ಭೂಪಟದಲ್ಲಿ ಹತ್ತಿರವಿದ್ದರೆ ಸಾಲದು. ಮಣ್ಣು, ನೀರು, ಬಿತ್ತನೆ ಸಮಯಗಳಲ್ಲಿ ಹೋಲಿಕೆ ಇರಬೇಕು. ಒಂದೇ ಕಾಲುವೆಯಲ್ಲಿಯೂ ಮೇಲ್ಭಾಗ ಮತ್ತು ಕೊನೆ ಭಾಗಗಳನ್ನು ಪ್ರತ್ಯೇಕ ಹಂತವಾಗಿ ಇಡುವುದು ಸೂಕ್ತ. ಇಲ್ಲವಾದರೆ ನೀರು ತಲುಪದ ಕೊನೆ ಭಾಗದ ರೈತರ ನಷ್ಟವನ್ನು ಮೇಲ್ಭಾಗದ ಒಳ್ಳೆಯ ಇಳುವರಿ ಮುಚ್ಚಿಬಿಡುತ್ತದೆ.

ಹಿಂದಿನ ವರ್ಷಗಳ ಸರಾಸರಿಯನ್ನಷ್ಟೇ ನಂಬುವುದೂ ಸಲ್ಲದು. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ 19ನೇ ಕ್ರೆಸ್ಟ್ ಗೇಟ್ ಕೊಚ್ಚಿಹೋದಾಗ ಇಡೀ ಅಚ್ಚುಕಟ್ಟಿನ ಬೆಳೆಯ ಬಗ್ಗೆ ಆತಂಕ ಉಂಟಾಯಿತು. ಅಂತಹ ಘಟನೆಯ ಪರಿಣಾಮವು ಎಲ್ಲ ಊರುಗಳಿಗೂ ಒಟ್ಟಿಗೆ ತಟ್ಟಬಹುದಾದ್ದರಿಂದ, ಗುಂಪಿನ ಸರಾಸರಿಯನ್ನು ಅದೇ ಹಂಗಾಮಿನ ಕಟಾವುಗಳಿಂದ ಕಂಡುಕೊಳ್ಳಬೇಕು. ಇದಕ್ಕೆ ವಿರುದ್ಧವಾಗಿ, ಆಲಿಕಲ್ಲು ಮಳೆ ಒಂದೇ ಊರಿಗೆ ಬಿದ್ದಾಗ ನೆರೆಯೂರುಗಳ ಮಾಹಿತಿ ದಾರಿ ತಪ್ಪಿಸುತ್ತದೆ. ಇಂತಹ ಸ್ಥಳೀಯ ವಿಕೋಪಗಳಿಗೆ ವಿಮಾ ಯೋಜನೆಯಲ್ಲಿ ಪ್ರತ್ಯೇಕ ಅವಕಾಶವಿದ್ದು, ರೈತರು 72 ಗಂಟೆಗಳೊಳಗೆ ಮಾಹಿತಿ ನೀಡಬೇಕು.

ಎಲ್ಲೆಲ್ಲಿ ಬಳಕೆಯಲ್ಲಿದೆ?

ಭಾರತದಲ್ಲಿ ಬೆಳೆ ಅಂದಾಜಿನ ಮಾದರಿ ಸಮೀಕ್ಷೆಗೆ ಪಿ.ಸಿ. ಮಹಲನೋಬಿಸ್, ಪಿ.ವಿ. ಸುಖಾತ್ಮೆ ಮತ್ತು ವಿ.ಜಿ. ಪಾನ್ಸೆ ಅವರು ಭದ್ರ ಬುನಾದಿ ಹಾಕಿದರು. ಶ್ರೇಣೀಕೃತ ಮಾದರಿಗೆ ಡೆನ್ನಿಸ್ ಲಿಂಡ್ಲೆ ಮತ್ತು ಏಡ್ರಿಯನ್ ಸ್ಮಿತ್ ಅವರು 1972ರಲ್ಲಿ ಸ್ಪಷ್ಟ ರೂಪ ನೀಡಿದರು. ಇದಕ್ಕೆ ಹತ್ತಿರದ ವಿಧಾನದಿಂದ ಅಮೆರಿಕದ ಅಯೋವಾ ರಾಜ್ಯದ 12 ಕೌಂಟಿಗಳ ಮೆಕ್ಕೆಜೋಳ ಮತ್ತು ಸೋಯಾ ಅವರೆಯ ವಿಸ್ತೀರ್ಣವನ್ನು ಉಪಗ್ರಹ ಚಿತ್ರ ಮತ್ತು ಕ್ಷೇತ್ರ ಸಮೀಕ್ಷೆ ಎರಡನ್ನೂ ಸೇರಿಸಿ ಅಂದಾಜಿಸಿದ ಅಧ್ಯಯನ 1988ರಲ್ಲಿ ಪ್ರಕಟವಾಯಿತು. ಹಲವು ಕೇಂದ್ರಗಳ ತಳಿ ಪರೀಕ್ಷೆ, ಮಣ್ಣಿನ ಪೋಷಕಾಂಶಗಳ ನಕ್ಷೆ, ಕೀಟಬಾಧೆಯ ಸಮೀಕ್ಷೆಗಳಲ್ಲಿಯೂ ಇದು ಉಪಯುಕ್ತ.

ಫಸಲ್ ಬಿಮಾ ಯೋಜನೆಯಲ್ಲಿ 2023ರ ಮುಂಗಾರಿನಿಂದ ಭತ್ತ ಮತ್ತು ಗೋಧಿಗೆ ತಂತ್ರಜ್ಞಾನ ಆಧಾರಿತ ಇಳುವರಿ ಅಂದಾಜಿಗೆ ಕನಿಷ್ಠ ಶೇ. 30 ತೂಕ ನೀಡುವ ಕ್ರಮ ಬಂದಿದೆ. ಎರಡು ಸಾಕ್ಷ್ಯಗಳನ್ನು ಬೆರೆಸುವ ಆಲೋಚನೆ ಇಲ್ಲಿಯೂ ಇದೆ. ಆದರೆ ಅಲ್ಲಿ ತೂಕದ ಪಾಲನ್ನು ನಿಯಮ ನಿಗದಿಪಡಿಸುತ್ತದೆ. ಶ್ರೇಣೀಕೃತ ಮಾದರಿಯಲ್ಲಿ ಕಟಾವುಗಳ ಸಂಖ್ಯೆ ಮತ್ತು ಏರುಪೇರು ಅದನ್ನು ನಿರ್ಧರಿಸುತ್ತವೆ.

ರೈತರು ಮತ್ತು ವಿಸ್ತರಣಾ ಕಾರ್ಯಕರ್ತರು ಗಮನಿಸಬೇಕಾದ ಅಂಶಗಳು

1. ಕಟಾವಿನ ತಾಕನ್ನು ಯಾದೃಚ್ಛಿಕವಾಗಿ, ನಿಗದಿತ ಸಂಖ್ಯೆಗಳ ಪ್ರಕಾರವೇ ಗುರುತಿಸಬೇಕು. ಚೆನ್ನಾಗಿರುವ ಅಥವಾ ಹಾಳಾದ ಮೂಲೆಯನ್ನು ಆರಿಸಿದರೆ ಯಾವ ಮಾದರಿಯೂ ಅದನ್ನು ಸರಿಪಡಿಸಲಾರದು.

2. ತಕ್ಕಡಿಯನ್ನು ಮೊದಲೇ ಪರೀಕ್ಷಿಸಬೇಕು. ಪ್ರತಿ ತಾಕಿನಲ್ಲಿ ಅರ್ಧ ಕಿ.ಗ್ರಾಂ. ಹೆಚ್ಚು ತೋರಿದರೂ ಹೆಕ್ಟೇರಿಗೆ 2 ಕ್ವಿಂಟಲ್ ಹೆಚ್ಚುತ್ತದೆ. ಮೇಲಿನ ಉದಾಹರಣೆಯ ಪರಿಹಾರ ಪೂರ್ತಿ ಇಲ್ಲವಾಗಲು ಅಷ್ಟೇ ಸಾಕು.

3. ತೂಕದೊಂದಿಗೆ ಕಾಳಿನ ತೇವಾಂಶ, ಮಣ್ಣಿನ ಬಗೆ, ನೀರಿನ ಮೂಲ, ಕಾಲುವೆಯ ಭಾಗ ಮತ್ತು ನಾಟಿ ದಿನಾಂಕಗಳನ್ನು ದಾಖಲಿಸಬೇಕು. ಸರಿಯಾದ ಗುಂಪು ರಚನೆಗೆ ಇವೇ ಆಧಾರ.

4. ಕಟಾವಿನ ವೇಳೆ ರೈತರು ಹಾಜರಿದ್ದು ಅಳತೆ ಮತ್ತು ತೂಕವನ್ನು ಕಣ್ಣಾರೆ ನೋಡುವುದು ಒಳಿತು.

5. ಪ್ರಾತ್ಯಕ್ಷಿಕೆಗಳ ಫಲಿತಾಂಶ ತಿಳಿಸುವಾಗ ಸರಾಸರಿಯ ಜೊತೆಗೆ ತಾಕುಗಳ ಸಂಖ್ಯೆ, ಕನಿಷ್ಠ ಹಾಗೂ ಗರಿಷ್ಠ ಇಳುವರಿಯನ್ನೂ ಹೇಳಬೇಕು.

6. ಹೊಸ ತಳಿಯು ನೆರೆಯವರ ಒಂದೇ ಗದ್ದೆಯಲ್ಲಿ ಹೆಚ್ಚು ಇಳುವರಿ ಕೊಟ್ಟಿತೆಂದು ಎಲ್ಲ ಜಮೀನಿಗೂ ಹಾಕಬಾರದು. ಮೊದಲು ಸ್ವಲ್ಪ ಜಾಗದಲ್ಲಿ ಬೆಳೆದು, ತಮ್ಮಂತಹ ಮಣ್ಣು ಮತ್ತು ನೀರಿರುವ ಹಲವು ರೈತರ ಅನುಭವದೊಂದಿಗೆ ತಾಳೆ ನೋಡಬೇಕು.

ಮಾದರಿಯು ಕಟಾವಿಗೆ ಬದಲಿಯಲ್ಲ. ಕಟಾವು ಹೇಳುವ ಮಾತನ್ನು ಎಷ್ಟು ನಂಬಬೇಕೆಂದು ಅಳೆಯುವ ಸಾಧನ ಅದು. ಗದ್ದೆಯಲ್ಲಿ ಅಳತೆಪಟ್ಟಿ ಹಿಡಿದು ನಿಂತವರ ಪ್ರಾಮಾಣಿಕತೆಯ ಮೇಲೆಯೇ ಈ ಎಲ್ಲ ಲೆಕ್ಕವೂ ನಿಂತಿದೆ.