ಗಿಲಾರ್ಜಾದ ಕಲ್ಲುಗುಂಡುಗಳು

ಇಟಲಿಯ ಸಾರ್ಡೀನಿಯಾ ದ್ವೀಪದ ಗಿಲಾರ್ಜಾದಲ್ಲಿ ಕಮ್ಯುನಿಸ್ಟ್ ಚಿಂತಕ ಅಂತೋನಿಯೊ ಗ್ರಾಮ್ಷಿ ಬೆಳೆದ ಮನೆ ಈಗ ವಸ್ತುಸಂಗ್ರಹಾಲಯ. ಪತ್ರ, ಫೋಟೊ ನೋಡಿಕೊಂಡು ಬರೋಣವೆಂದು ಹೋದವನು ಎರಡು ಕಲ್ಲುಗುಂಡುಗಳ ಮುಂದೆ ನಿಂತುಬಿಟ್ಟೆ. ಬಂದು ಎಷ್ಟೋ ದಿನವಾದರೂ ಅವು ಕಣ್ಣಿಂದ ಸರಿದಿಲ್ಲ.

ಚಿಕ್ಕಂದಿನಲ್ಲೇ ಬೆನ್ನುಮೂಳೆಯ ರೋಗದಿಂದ ಗ್ರಾಮ್ಷಿಗೆ ಗೂನು ಬಂದಿತ್ತು. ಬೆಳೆದ ಮೇಲೂ ಐದಡಿ ಮುಟ್ಟಲಿಲ್ಲ. ಮೈಯಲ್ಲಿ ಬಲ ಬರಲೆಂದು ಹುಡುಗ ತಾನೇ ಕಲ್ಲು ಕೆತ್ತಿ ಗುಂಡಗೆ ಮಾಡಿದ. ನಡುವೆ ಕೋಲು ಸಿಕ್ಕಿಸಿ, ಎತ್ತಿ ಇಳಿಸಿ ವ್ಯಾಯಾಮ ಮಾಡಿದ. ಕಲ್ಲನ್ನು ಗುಂಡಗೆ ಮಾಡುವುದು ಸುಲಭದ ಕೆಲಸವೇ? ಒಂದು ಏಟು ಹೆಚ್ಚಾದರೆ ಒಂದು ಮಗ್ಗುಲು ಚಪ್ಪಟೆ. ಕೊಂಚ ಕೆತ್ತಬೇಕು, ತಿರುಗಿಸಬೇಕು, ಮತ್ತೆ ಕೊಂಚ ಕೆತ್ತಬೇಕು. ಆ ಪುಟ್ಟ ಕೈಗಳಿಗೆ ಎಷ್ಟು ಸಂಜೆ ಹಿಡಿದಿರಬಹುದೆಂದು ಲೆಕ್ಕ ಹಾಕುತ್ತಲೇ ನಿಂತಿದ್ದೆ.

ಅಷ್ಟರಲ್ಲೇ ಅಪ್ಪ ಜೈಲು ಸೇರಿದ್ದರು. ಅಮ್ಮನ ತಲೆಯ ಮೇಲೆ ಏಳು ಮಕ್ಕಳ ಭಾರ. ಹನ್ನೊಂದರ ಹುಡುಗ ಭೂದಾಖಲೆ ಕಚೇರಿಯಲ್ಲಿ ಕೆಲಸಕ್ಕೆ ನಿಂತ. ದಿನಕ್ಕೆ 10 ಗಂಟೆ ದುಡಿಮೆ, ತಿಂಗಳಿಗೆ 9 ಲೀರಾ ಸಂಬಳ. ಅಂದರೆ ದಿನಕ್ಕೊಂದು ಕಿಲೋ ಬ್ರೆಡ್ಡಿನ ದುಡ್ಡು. ತನಗಿಂತ ಭಾರದ ರಿಜಿಸ್ಟರುಗಳನ್ನು ಹೊತ್ತು ಹೊತ್ತು ಮೈಯೆಲ್ಲ ನೋವೆದ್ದು ರಾತ್ರಿ ಕದ್ದು ಅಳುತ್ತಿದ್ದುದನ್ನು ಮುಂದೆ ಜೈಲಿನಿಂದ ಅವನೇ ಪತ್ರದಲ್ಲಿ ಬರೆದಿದ್ದಾನೆ.

ಮುಂದಿನ ಕತೆ ಗೊತ್ತಿರುವುದೇ. 1911ರಲ್ಲಿ ವಿದ್ಯಾರ್ಥಿವೇತನ ಹಿಡಿದು ಟ್ಯೂರಿನ್‌ಗೆ, ಅಲ್ಲಿ ಭಾಷಾಶಾಸ್ತ್ರ, ಕಾರ್ಖಾನೆ ಕಾರ್ಮಿಕರ ಒಡನಾಟ, 1919ರಲ್ಲಿ ‘ಲೊರ್ಡಿನೆ ನುವೋವೊ’ ಪತ್ರಿಕೆ, 1921ರಲ್ಲಿ ಕಮ್ಯುನಿಸ್ಟ್ ಪಕ್ಷ, 1924ರಲ್ಲಿ ಸಂಸತ್ತು. 1926ರ ನವೆಂಬರ್ 8ರಂದು ಮುಸೊಲಿನಿ ಸರ್ಕಾರ ಬಂಧಿಸಿತು. ಶಿಕ್ಷೆ 20 ವರ್ಷ, 4 ತಿಂಗಳು, 5 ದಿನ. ಟೂರಿ ಜೈಲಿನಲ್ಲಿ 1929ರಿಂದ ಬರೆಯತೊಡಗಿದ ನೋಟ್‌ಬುಕ್ಕುಗಳು ಕೊನೆಗೆ 33 ಆದವು. ಪುಸ್ತಕಗಳ ಖರ್ಚು ಹೊತ್ತವನು ಗೆಳೆಯ, ಅರ್ಥಶಾಸ್ತ್ರಜ್ಞ ಪಿಯೆರೊ ಸ್ರಾಫಾ. 1937ರ ಏಪ್ರಿಲ್ 27ರಂದು, 46ನೇ ವಯಸ್ಸಿನಲ್ಲಿ ಗ್ರಾಮ್ಷಿ ತೀರಿಕೊಂಡಾಗ ಆ ಹಾಳೆಗಳನ್ನು ಕಾಪಾಡಿದವಳು ಹೆಂಡತಿಯ ಅಕ್ಕ ತಾತಿಯಾನಾ.

ನಮ್ಮ ವಿಮರ್ಶೆಯಲ್ಲಿ ‘ಯಜಮಾನಿಕೆ’ (ಹೆಜಿಮನಿ) ಎಂದು ಓಡಾಡುವ ಮಾತು ಬೆಳೆದದ್ದು ಈ ಹಾಳೆಗಳಲ್ಲಿ. ಲಾಠಿಯೊಂದರಿಂದಲೇ ಯಾರೂ ಬಹುಕಾಲ ಆಳಲಾರರು. ಆಳಿಸಿಕೊಳ್ಳುವವರೂ ‘ಲೋಕ ಇರುವುದೇ ಹೀಗೆ’ ಎಂದು ಒಪ್ಪಬೇಕು. ಆ ಒಪ್ಪಿಗೆ ಶಾಲೆಯಲ್ಲಿ, ಚರ್ಚಿನಲ್ಲಿ, ಪತ್ರಿಕೆಯಲ್ಲಿ ದಿನದಿನವೂ ಕೊಂಚಕೊಂಚವೇ ತಯಾರಾಗುತ್ತದೆ. ಸೆನ್ಸಾರಿನ ಕಣ್ಣು ತಪ್ಪಿಸಲು ಗ್ರಾಮ್ಷಿ ಈ ಪದ ಹುಡುಕಿಕೊಂಡ ಎನ್ನುವವರಿದ್ದಾರೆ. ನನಗೆ ಒಪ್ಪಿಗೆಯಿಲ್ಲ. ಬಂಧನಕ್ಕೆ ಮುಂಚೆ ದಕ್ಷಿಣ ಇಟಲಿಯ ಸಮಸ್ಯೆ ಕುರಿತು ಬರೆದ ಪ್ರಬಂಧದಲ್ಲೇ ಅದು ಇದೆ. ಅವನ ‘ಸಬಾಲ್ಟರ್ನ್’ (ಅಧೀನ ವರ್ಗ) ಎಂಬ ಪದವನ್ನೇ ಹೆಸರಾಗಿಟ್ಟುಕೊಂಡು ಇತಿಹಾಸಕಾರ ರಣಜಿತ್ ಗುಹಾ 1982ರಲ್ಲಿ ಅಧ್ಯಯನ ಸಂಪುಟಗಳನ್ನು ಶುರುಮಾಡಿದರು.

ನನಗೆ ಎಲ್ಲಕ್ಕಿಂತ ಹತ್ತಿರವಾದದ್ದು 1927ರಲ್ಲಿ ತಂಗಿ ತೆರೆಸೀನಾಳಿಗೆ ಬರೆದ ಪತ್ರ. ಮಕ್ಕಳು ಸಾರ್ಡೀನಿಯನ್ ಮಾತಾಡಿದರೆ ತಡೆಯಬೇಡ, ಅದು ತನ್ನದೇ ಆದ ಭಾಷೆ ಎಂದು ಬುದ್ಧಿ ಹೇಳುತ್ತಾನೆ. ಕಾನ್ವೆಂಟಿಗೆ ಹೋಗುವ ಮಕ್ಕಳ ಮುಂದೆ ಕನ್ನಡ ನುಂಗಿಕೊಳ್ಳುವ ಮನೆಗಳನ್ನು ಕಂಡಿರುವ ನನಗೆ ಅದನ್ನು ಓದಿ ಗಂಟಲು ಕಟ್ಟಿತು.

ಗ್ರಾಮ್ಷಿ ಜೈಲಿನಲ್ಲಿ ಕೂತು ಗ್ರಿಮ್ ಸೋದರರ ಕತೆಗಳನ್ನು ಜರ್ಮನ್‌ನಿಂದ ಇಟಾಲಿಯನ್‌ಗೆ ತಂದ. ಹಲ್ಲು ಉದುರುತ್ತಿದ್ದವು, ನಿದ್ದೆ ಹತ್ತುತ್ತಿರಲಿಲ್ಲ. ಆದರೂ ಒಂದೊಂದೇ ಕತೆ ಮುಗಿಸಿ, ಚೊಕ್ಕ ಅಕ್ಷರದಲ್ಲಿ ಪ್ರತಿ ಮಾಡಿ ಆ ತಂಗಿಯ ಮಕ್ಕಳಿಗೆಂದು ಗಿಲಾರ್ಜಾಕ್ಕೆ ಕಳಿಸುವ ಆಸೆ ಇಟ್ಟುಕೊಂಡಿದ್ದ.